ಇಬ್ಬರನ್ನು ಸೇರಿಸಿ ಒಬ್ಬ

ಫೋನು ಮಾಡಿದ ಹುಡುಗಿಯ ದನಿ ಬಲು ಮೆದು.
'ಟೀವಿಗೆ ತೊಂಬತ್ತೇ ನಿಮಿಷ ಸರ್,
ಅದಕ್ಕೇ ನಿಮ್ಮನ್ನೂ ಆಲೆಕ್ ರಡ್ಕಿನ್ನರನ್ನೂ ಸೇರಿಸಿ
ಒಬ್ಬನನ್ನು ಮಾಡಿದ್ದೇವೆ. ಬೇಸರವಿಲ್ಲ ತಾನೆ?'
ಇಲ್ಲವೆಂದೆ. ಬೇಸರ ಯಾಕೆ?
ಗ್ರಿಮ್ಸ್‌ಬಿಯಲ್ಲಿ ನಾವು ಮೀನು ಸೀಳುವ ಜನ,
ಒಂದನ್ನು ಎರಡು ಮಾಡಿ ಗೊತ್ತು;
ಎರಡನ್ನು ಒಂದು ಮಾಡುವ ಕಸುಬು
ಲಂಡನ್ನಿನವರದು.

ಭಾನುವಾರ ರಾತ್ರಿ ಒಂಬತ್ತಕ್ಕೆ
ಈನಿಡ್ ಟೀ ತಂದಿಟ್ಟು ಪರದೆ ಎಳೆದಳು.
ಪಕ್ಕದ ಹಾರ್ನ್ಸ್‌ಬಿ ದಂಪತಿ ಕುರ್ಚಿ ಸಮೇತ ಬಂದರು.
ಶುರುವಾಯಿತು, ಕಿಟ್ ಸೇಬಲ್ಲನ ಮೊದಲ ದಿನಗಳು.
ಜಗತ್ತಿಗೆ ಅವನು ಕಿಟ್ ಸೇಬಲ್,
ನಮಗೆ ಕ್ಲಿಫರ್ಡ್ ಲೀಕ್,
ಹದಿನೇಳಾದರೂ ಶೂ ಲೇಸು ಕಟ್ಟಲು ಬಾರದವ.

ನಮ್ಮ ಬೀದಿ ನಮ್ಮ ಬೀದಿಯಾಗಿರಲಿಲ್ಲ.
ಯಾವುದೋ ಊರಿನ ಇಟ್ಟಿಗೆ ಸಾಲುಮನೆಗಳು.
ಕಲ್ಲಿದ್ದಲ ಹೊಗೆ ಮಾತ್ರ ಸರಿಯಿತ್ತು.
ಮೀನಿನ ವಾಸನೆ ಟೀವಿಯಲ್ಲಿ ಬರುವುದಿಲ್ಲವಲ್ಲ,
ಅದನ್ನು ಬಿಟ್ಟರೆ ನಮ್ಮ ಸಂಗೀತವೆಲ್ಲಿ?
ಹುಡುಗಿಯರು ಒಂದು ಕುಣಿತಕ್ಕೆ ಬಂದು
ಎರಡನೆಯದಕ್ಕೆ ಮೂಗು ಹಿಡಿದು ಗೋಡೆಗೆ ಸರಿಯುತ್ತಿದ್ದರು,
ಕ್ಲಿಫರ್ಡ್ ಅಷ್ಟು ಗಟ್ಟಿಯಾಗಿ ಹಾಡಲು ಕಲಿತದ್ದೇ
ಆ ಗೋಡೆಯವರೆಗಿನ ದೂರಕ್ಕೆ.

ಆಮೇಲೆ ನಾನು ಬಂದೆ. ಅಥವಾ ನಾವು ಬಂದೆವು.
ಟೆರ್ರಿ ಎಂದು ಹೆಸರಿಟ್ಟಿದ್ದರು.
ನನ್ನ ಡ್ರಮ್ಮು, ಆಲೆಕ್‌ನ ಕೆಂಪು ಕೂದಲು.
ನನ್ನ ತೊದಲು, ಆಲೆಕ್‌ನ ಜೋಕು;
ತೊದಲುವವನ ಬಾಯಿಗೆ ಸಿಕ್ಕಿ
ಒಳ್ಳೊಳ್ಳೆಯ ಜೋಕೆಲ್ಲ ಹೊಸಿಲು ದಾಟದೆ ಮುಗ್ಗರಿಸಿದವು.
ನನ್ನಮ್ಮ ಅವನಪ್ಪ ಗಂಡಹೆಂಡಿರಾಗಿ
ಒಂದೇ ಮೇಜಿನಲ್ಲಿ ಹಂದಿಮಾಂಸದ ಪೈ ತಿನ್ನುತ್ತಿದ್ದರು.
ಬದುಕಿದ್ದಾಗ ಅವರಿಬ್ಬರೂ
ಎರವಲು ಕೊಟ್ಟ ಒಂದು ಹೊಲಿಗೆ ಯಂತ್ರದ ಸಲುವಾಗಿ
ಸಾಯುವ ತನಕ ಮಾತು ಬಿಟ್ಟವರು.
ಈನಿಡ್ ನಕ್ಕ ರಭಸಕ್ಕೆ ಟೀ ಚೆಲ್ಲಿತು.

ನನ್ನನ್ನು ವ್ಯಾನಿನಿಂದ ಇಳಿಸಿದ ದೃಶ್ಯ:
ಧೋ ಎಂದು ಮಳೆ, ಪಿಟೀಲು, ಕ್ಲಿಫರ್ಡನ ಕಣ್ಣಲ್ಲಿ ನೀರು.
ಅವತ್ತು ಇದ್ದದ್ದು ಬಿರುಬಿಸಿಲು.
ಮೀನು-ಚಿಪ್ಸಿನ ಅಂಗಡಿಯಲ್ಲಿ
ಅವನೇ ಜೇಬಿಗೆ ಕೈ ಹಾಕಿದ, ನನ್ನದಕ್ಕೂ ಸೇರಿಸಿ ಕೊಟ್ಟ.
ಎಂದೂ ಕೊಟ್ಟವನಲ್ಲ.
ಅವನು ಬಾಯಿ ತೆರೆಯುವ ಮೊದಲೇ ನನಗೆ ತಿಳಿಯಿತು.
ವಿನೆಗರ್ ಜಾಸ್ತಿಯಾಗಿತ್ತು.

ಅಲ್ಲಿಗೆ ಮುಗಿಯಿತು ಅಂದುಕೊಂಡೆ.
ಟೆರ್ರಿ ಹೋಗಿ ಟ್ರಾಲರ್ ಹಡಗು ಹತ್ತಿದ.
ನಾನು ಎಂದೂ ಹತ್ತಿದವನಲ್ಲ,
ನನಗೆ ಸ್ನಾನದ ತೊಟ್ಟಿಯಲ್ಲೇ ತಲೆ ಸುತ್ತುತ್ತದೆ.
ಈನಿಡ್ ನನ್ನ ಮೊಣಕೈ ಹಿಡಿದಳು.
ಐಸ್‌ಲ್ಯಾಂಡಿನ ಆಚೆ, ಜನವರಿ,
ಹಗ್ಗದ ಮೇಲೆ ಹಿಮ, ಹಿಮದ ಮೇಲೆ ಹಿಮ ಕಟ್ಟಿ
ಹಡಗು ತಲೆಭಾರವಾಗಿ ಮಗುಚಿದ್ದನ್ನು
ಬಹಳ ಚೆನ್ನಾಗಿ ತೆಗೆದಿದ್ದರು.
ನಾನು ಮುಳುಗಿದೆ.
ಹಾರ್ನ್ಸ್‌ಬಿ ದಂಪತಿ ನನ್ನ ಕಡೆ ತಿರುಗಲೇ ಇಲ್ಲ.
ಕಡಲ ದಂಡೆಯಲ್ಲಿ ಒಬ್ಬನೇ ಗಿಟಾರು ಹಿಡಿದು
ಕ್ಲಿಫರ್ಡ್ ನನ್ನ ಮೇಲೆ ಹಾಡು ಕಟ್ಟಿದ.
(ಆ ಹಾಡು ಅವನ ನಾಯಿಯ ಮೇಲಿನದು. ಇರಲಿ.)

ರಾತ್ರಿ ನಿದ್ದೆ ಹತ್ತಲಿಲ್ಲ.
ಸಿಟ್ಟಲ್ಲ, ಲೆಕ್ಕ:
ಸತ್ತ ಆ ಒಬ್ಬನಲ್ಲಿ ಅರ್ಧ ನಾನಾದರೆ
ಉಳಿದ ಈ ಒಬ್ಬನಲ್ಲಿ ಅರ್ಧ ಆಲೆಕ್ ಇರಬೇಕಲ್ಲ.
ಐವತ್ತೆಂಟು ವರ್ಷ, ಮಂಡಿನೋವು, ಇಬ್ಬರು ಹೆಣ್ಣುಮಕ್ಕಳು,
ನಿದ್ದೆಯಲ್ಲಿ ಗೊಣಗುವ ಈನಿಡ್ಡಳ ಬೆಚ್ಚನೆ ಬೆನ್ನು,
ಎಲ್ಲವನ್ನೂ ಪೂರಾ ನಾನೊಬ್ಬನೇ ಉಂಡೆನಲ್ಲ.
ಅವನ ಪಾಲು ತೆಗೆದಿಡಬೇಕೆಂದು
ಯಾರಾದರೂ ಮೊದಲೇ ಫೋನು ಮಾಡಿ ಹೇಳಬಾರದಿತ್ತೆ?

ಸೋಮವಾರ ಬೆಳಗ್ಗೆ ಮೀನು ಹರಾಜಿನ ಕಟ್ಟೆ.
ಕೆಲಸ ಬಿಟ್ಟರೂ ಹೋಗುವ ಚಟ ಬಿಟ್ಟಿಲ್ಲ.
'ಏನು ವಿಲ್ಫ್, ನಿನ್ನೆ ರಾತ್ರಿ ಸತ್ತೆಯಂತೆ?'
ಎಲ್ಲರೂ ಹೋ ಎಂದರು.
ನಾನು ಪೆಟ್ಟಿಗೆಯೊಂದರ ಮೇಲೆ ಕೂತು
ಆಲೆಕ್‌ನ ಆ ಬಿಷಪ್ಪನ ಜೋಕು ಶುರುಮಾಡಿದೆ.
ತೊದಲಲಿಲ್ಲ, ಒಂದು ಅಕ್ಷರಕ್ಕೂ ತೊದಲಲಿಲ್ಲ,
ಎಲ್ಲರೂ ಕತ್ತಿ ಕೆಳಗಿಟ್ಟು ಕೇಳಿದರು.
ಕೊನೆಯ ಸಾಲು ಮಾತ್ರ ನೆನಪಾಗಲಿಲ್ಲ.
ಮಂಜುಗಡ್ಡೆಯ ಮೇಲೆ ಸಾಲಾಗಿ ಮಲಗಿದ ಕಾಡ್ ಮೀನುಗಳು
ಬಾಯಿ ತೆರೆದುಕೊಂಡು ಕಾಯುತ್ತಿದ್ದವು.