ಹುಸಿ

ತಿರುನಾರಾಯಣ ಮೇಷ್ಟ್ರು ‘ಕಟ್’ ಅಂದದ್ದನ್ನು
ಐದು ಚಿತ್ರದಲ್ಲಿ ಒಮ್ಮೆಯೂ ಕೇಳಲಿಲ್ಲ ನಾನು.
ತೊಡೆಯ ಮೇಲೆ ಆದಿತಾಳ ಹಾಕುತ್ತ ಕೂರುವರು;
ಕೊನೆಯ ಹುಸಿಗೆ ಅಂಗೈ ಮಗುಚಿದರೆ
ಕ್ಯಾಮೆರಾ ನಿಲ್ಲಬೇಕು.

ಅಗ್ರಹಾರದಲ್ಲಿ ಮೃದಂಗಕ್ಕೆ ರವೆ ಮೆತ್ತಿ ಬೆಳೆದ ಕೈ.
ಮೊದಲ ಚಿತ್ರಕ್ಕೆ ಒಂಬತ್ತು ಹಾಡು, ನೂರು ದಿನ.
ಆಮೇಲೆ ಏಳು, ನಾಲ್ಕು, ಒಂದು.
ಐದನೆಯದಕ್ಕೆ ಸೊನ್ನೆ.
“ಸಂಗೀತದೋರು ಅಂತ ದುಡ್ ಹಾಕುದ್ನಲ್ಲ ಸ್ವಾಮಿ,” ಅಂದರು
ಮಂಡ್ಯದ ಬೆಲ್ಲದ ಮಂಡಿ ಹೊನ್ನಲಗೇಗೌಡರು,
“ಎಲ್ಲಿ ಮಡಗಿದ್ದೀರಿ ಅದ?”

ಲಷ್ಕರ್ ಮೊಹಲ್ಲಾದ ಬಾಡಿಗೆ ಅಡುಗೆಮನೆ.
ಅಕ್ಕಿ ಅಳೆಯುವ ಹೆಂಗಸು:
ಒಂದು ಪಾವು, ಎರಡು,
ಮೂರನೆಯದು ಕೈಯಲ್ಲೇ ನಿಲ್ಲುತ್ತದೆ,
ಉಣ್ಣುವವನು ಮೊನ್ನೆಯಿಂದ ಇಲ್ಲ.
ಅಷ್ಟೇ ಶಾಟು.

ನಿಂತಳು. ಪಾವಿನ ಅಂಚಿಂದ ಒಂದೊಂದೇ ಕಾಳು
ಡಬ್ಬಕ್ಕೆ ಬೀಳುವ ಸದ್ದು.
ನಾವೆಲ್ಲ ಉಸಿರು ಕಟ್ಟಿ ಕಾದೆವು.
ರೀಲು ಮುಗಿದು ಬಾಲ ಪಟಪಟ ಬಡಿದುಕೊಂಡಾಗ
ಸಿಟ್ಟಾಗುತ್ತಾರೆಂದು ತಿರುಗಿದೆ:

ಅವರ ಅಂಗೈ ಯಾವಾಗಲೋ ಮೇಲಾಗಿತ್ತು.
ಯಾರೂ ನೋಡಿರಲಿಲ್ಲ.

ಚಿತ್ರ ನಾಲ್ಕು ದಿನ ಓಡಿತು.
ಗೌಡರು ಎರಡು ಸಲ ನೋಡಿದರಂತೆ,
ಎರಡನೇ ಸಲ ಟಿಕೆಟ್ ಕೊಂಡು.