ಒತ್ತಕ್ಷರ ಬಾರದ ಯಂತ್ರ

ಪುಣೆ, ತಪಕೀರ್ ಗಲ್ಲಿ, ಮೆಟ್ಟಲ ಹತ್ತಿ ಎಡಕ್ಕ.
ಬೀಗ ಮುರಿದ ಗೇಮ್ ಡಬ್ಬಿಗೋಳ ಹೊಟ್ಟಿಯೊಳಗ
ಫೈಲ್ ಸರಿಸಾಕ ನಾನ ಒಂದು ಪ್ರೋಗ್ರಾಂ ಬರದೇನಿ.
ಎಡಕ್ಕೊಂದು ಕಿಟಕಿ, ಬಲಕ್ಕೊಂದು;
ಇಲ್ಲಿಂದ ಎತ್ತಿ ಅಲ್ಲಿ ಇಡೂದು, ಅಷ್ಟ.
ಮಾಲಕ ಅಂದ: ಇಂಗ್ಲಿಷ್ ಇರಲಿ, ಮರಾಠಿ ಇರಲಿ.
ಮೂರನೇದು ನಾ ಯಾರಿಗೂ ಹೇಳದ ಸೇರಿಸಿದೆ.

ಯಂತ್ರಕ್ಕ ಒತ್ತು ಬರೂದಿಲ್ಲ.
‘ಇಲ್ಲ’ ಅಂತ ಬರದರ
‘ಇಲ್‌ಲ’ ಅಂತ ಕಾಲು ಮುರಕೊಂಡು ಬೀಳತೈತಿ.
ಅಕ್ಕಿಯೊಳಗ ಹಳ್ಳು ಆರಿಸಿಧಂಗ
ಒತ್ತಿದ್ದ ಮಾತು ಆರಿಸಿ ಚೆಲ್ಲಿದೆ. ಉಳದವು:
ತೆರೆ. ಸರಿಸು. ನಕಲು. ಹುಡುಕು. ಅಳಿಸು.
‘ಮುಚ್ಚು’ ಒಡೀತು, ಹಿಂಗಾಗಿ ತೆರೆದದ್ದು ತೆರೆದ ಇರತೈತಿ.
‘ತಪ್ಪು’ ಒಡೀತು, ‘ಕ್ಷಮಿಸಿ’ನೂ.
ಕೆಲಸ ಕೆಟ್ಟರ ‘ಆಗದು’ ಅಂದು ಸುಮ್ಮನ ನಿಂದರತೈತಿ,
ನಮ್ಮ ಕಾಕಾನಂಗ.
‘ಇಲ್ಲ’ದ ಜಾಗಾದಾಗ ‘ಬೇಡ’ ಕುಂದರಿಸಿದೆ.
ಕಡೀಕ ನನ್ನ ಹೆಸರು, ಸಾತಲಿಂಗಪ್ಪ.
ಅಪ್ಪನ್ನ ಕೈಬಿಟ್ಟು
ಸಾತಲಿಂಗ ಅಂತ ಸಹಿ ಹಾಕಿದೆ.

ಮೊನ್ನೆ ಮಂದಾಕಿನಿ ಪೇಠೆ ಬಂದರು,
ಹೆರಿಗಿ ವಾರ್ಡಿನ ನರ್ಸು,
ಡಬ್ಬಿ ಹಳೇ ಟಾವೆಲ್‌ನಾಗ ಸುತ್ತಿಕೊಂಡು.
ಮಾರೂದೈತಂತ. ‘ಸಗಳಂ ಪುಸೂನ್ ಟಾಕ್.’
ಆ ಹೊತ್ತಿಗೆ ಚಾಲೂ ಇದ್ದದ್ದು ನನ್ನ ಕನ್ನಡ.
ಅದರಾಗ ‘ಎಲ್ಲ’ ಅನ್ನೂದು ಇಲ್ಲ, ಅದೂ ಒಡೀತಿತ್ತು;
ಒಂದೊಂದ ಅಳಿಸಬೇಕು,
ಒಂದೊಂದಕ್ಕೂ ಅದು ಕೇಳತೈತಿ: ಹೌದು, ಬೇಡ.

ಮಗನ ಆಟ ಏನ್ರಿ, ಅಂದೆ.
‘ನಂದ,’ ಅಂದು ನಕ್ಕರು,
‘ರಾತ್ರಿ ಪಾಳಿ ಮುಗಿಸಿ ಬಂದರ ನಿದ್ದಿ ಎಲ್ಲಿ ಬರತೈತಿ?’
ಫೈಲಿನ ತಾಸು ನೋಡಿದೆ. ನಸಿಕಿನ ನಾಕು, ನಾಕೂವರಿ,
ಒಂದಿನ ಐದಕ್ಕ ಎರಡು ಮಿನಿಟು ಕಮ್ಮಿ.
ಹೌದು. ಹೌದು. ಹೌದು.
ಹದಿನೇಳನೇದು ಒಂದು ಹೊಲದ ಆಟ;
ಗಜ್ಜರಿ ಬಿತ್ತಿ ಬಿಟ್ಟದ್ದು,
ಇನ್ನೂ ಎರಡು ದಿನ ನೀರು ಕೇಳತಿತ್ತು.

ಪರದಿ ಮ್ಯಾಲೆ ಬೊಟ್ಟು ಇಟ್ಟರು:
ಈ ಎರಡರಾಗ ಯಾವುದು ಏನು?
ಹೇಳಿದೆ.
ಬಾಯೊಳಗ ಒಮ್ಮೆ ಹೊಳ್ಳಿಸಿ ನೋಡಿ,
ಮರಾಠಿ ಎಳೆತ ಹಚ್ಚಿ, ಅಂದರು:
ಬೇಡ.

ಇನ್ನೂರು ರೂಪಾಯಿ ಮಾತಾಗಿತ್ತು.
ಅರ್ಧ ಕೆಲಸಕ್ಕ ಎಷ್ಟು, ಅಂತ ಕೇಳಿದರು.
ನಾ ಇನ್ನೂ ಪರದಿ ಮುಚ್ಚಿರಲಿಲ್ಲ.