ಕಾಟು

ಬೋರ್ಡಿನ ಮ್ಯಾಲ ಸರ್ ಒಂದು ಕಾಟು ಬರದ್ರು,
ತಪ್ಪಿಗೆ ಹಾಕತಾರಲ್ಲ, ಥೇಟ್ ಅದಽ.
ತಪ್ಪಲ್ಲವ್ವಾ, ಸಪ್ಪಳ ಅದು, ಅಂದ್ರು,
ಜರ್ಮನ್ ರಾತ್ರಿಯ ನಟ್ಟನಡುವಿಂದು.

ನಮ್ಮ ಖ ಅಲ್ಲ, ಹ ಅಲ್ಲ.
ಗಂಟಲಾಗ ಜ್ವಾಳದ ಸುಂಕ ಹೊಕ್ಕಂಗ
ಕ್ಯಾಕರಿಸಿದೆ. ನರ್ಸಿಂಗ್ ಕ್ಲಾಸೆಲ್ಲಾ ನಕ್ತು.

ಬಾಜೂಕ ಕುಂತಾಕಿ ಒಂದಽ ಸಲಕ್ಕ ಅಂದ್ಲು,
ಬಸಿಯೊಳಗಿನ ಚಹಾ ಆರಿಸಿದಷ್ಟು ಹಗುರ.
ನಿನಗ ಹೆಂಗ ಬಂತ?
ನನ್ನ ಹೆಸರಾಗಽ ಐತೆಲ್ಲ.

ಒಂದನೇತ್ತಾದಿಂದ ಕರದೀನಿ,
ಕೈರು, ಏ ಕೈರುನ್ನಿಸಾ.
ಗೋಳಗುಮ್ಮಟದಾಗ ಕೂಗಿದಾಗ
ಏಳೂ ಸಲ ಅದಽ ತಪ್ಪು
ತಿರುಗಿ ಬಂದಿತ್ತು, ಆಕಿ ಓ ಅಂದಿದ್ಲು.

ಇವತ್ತ ಸಂಜಿಕ ಆಕಿ ಬಾಗಲಾಗ ನಿಂತು
ಕಾಟು ಹಚ್ಚಿ ಕರದೆ,
ಖೈರುನ್ನಿಸಾ.

ಒಳಗಿಂದ ಬಂತು:
'ಆಯೀ, ಅಮ್ಮೀ.'